‘ಲಿಂಕ್ ಕಳಿಸ್ರಿ’ ಅನ್ನೋರಿಗೆ ನನ್ನ ಉತ್ತರ

(ಪಾಡ್‌ಕಾಸ್ಟ್ ಮಾತಿನ ಬರಹ ರೂಪ. ಮಾತಿನ ಧಾಟಿ ಉಳಿಸಿಕೊಂಡು, ಓದಿನ ಅನುಕೂಲಕ್ಕೆ ಅಲ್ಲಲ್ಲಿ ತಿದ್ದಲಾಗಿದೆ.)



ನಾನು ಸಾಕ್ಷ್ಯಚಿತ್ರ ಮಾಡೋನು ಅಂತ ಗೊತ್ತಾದ ಕೂಡಲೇ ಎಲ್ಲರ ಮೊದಲ ಮಾತು ಒಂದೇ: ‘ಹೌದಾ! ಲಿಂಕ್ ಕಳಿಸ್ರಿ, ನೋಡೋಣ.’ ಒಳ್ಳೇ ಮನಸ್ಸಿಂದಲೇ ಕೇಳ್ತಾರೆ. ಆದರೆ ನನ್ನ ಹತ್ತಿರ ಲಿಂಕ್ ಇಲ್ಲ. ಸಿನಿಮಾ ಇದೆ, 64 ನಿಮಿಷದ್ದು. ಅದು ಯೂಟ್ಯೂಬಿನಲ್ಲಿ ಇಲ್ಲ, ಯಾವ ಓಟಿಟಿಯಲ್ಲೂ ಇಲ್ಲ. ಯಾಕಿಲ್ಲ ಅನ್ನೋದನ್ನ ಇವತ್ತು ಸ್ವಲ್ಪ ಬಿಡಿಸಿ ಹೇಳ್ತೀನಿ.

ನನ್ನೂರು ಹುಲಗೂರು. ಹಾವೇರಿ ಜಿಲ್ಲೆ, ಶಿಗ್ಗಾಂವಿ ತಾಲೂಕು. ನಾನು ಹುಟ್ಟಿದಾಗ ಧಾರವಾಡ ಜಿಲ್ಲೆಯಲ್ಲಿತ್ತು, 1997ರಲ್ಲಿ ಹಾವೇರಿ ಬೇರೆ ಜಿಲ್ಲೆ ಆಯ್ತು. ಹೊರಗಿನವರಿಗೆ ನಮ್ಮೂರು ಗೊತ್ತಿರೋದು ಖಾದ್ರಿಯವರ ದರ್ಗಾದಿಂದ. ಶಿಶುನಾಳ ಶರೀಫರ ಅಪ್ಪ-ಅಮ್ಮ ಮಕ್ಕಳಾಗಲಿ ಅಂತ ಬೇಡಿಕೊಂಡದ್ದು ಇಲ್ಲೇ, ಆಮೇಲೆ 1819ರಲ್ಲಿ ಶರೀಫರು ಹುಟ್ಟಿದರು ಅಂತ ನಮ್ಮ ಕಡೆ ಎಲ್ಲರೂ ನಂಬ್ತಾರೆ. ಹಿಂದೂಗಳು, ಮುಸಲ್ಮಾನರು ಇಬ್ಬರೂ ಸಕ್ಕರೆ ಓದಿಸಿಕೊಂಡು ಹೋಗೋ ಜಾಗ ಅದು.

ನಾನು ಬೆಂಗಳೂರಲ್ಲಿ ಮದುವೆ ವಿಡಿಯೋ ತೆಗೆಯೋನು, ಎಡಿಟ್ ಮಾಡೋನು. ಈಗಲೂ ಹೊಟ್ಟೆಪಾಡು ಅದೇ. 2020ರ ಮಾರ್ಚ್‌ನಲ್ಲಿ ಹುಬ್ಬಳ್ಳಿಯ ಒಂದು ಮದುವೆ ಮುಗಿಸಿ, ಎರಡು ದಿನ ಇದ್ದು ಹೋದರಾಯ್ತು ಅಂತ ಊರಿಗೆ ಬಂದೆ. 24ನೇ ತಾರೀಕು ರಾತ್ರಿ ಲಾಕ್‌ಡೌನ್ ಅಂದ್ರು. ಎರಡು ದಿನ ಹೋಗಿ ಆರು ತಿಂಗಳಾಯ್ತು. ಕೈಯಲ್ಲಿ ಕ್ಯಾಮೆರಾ ಇದೆ, ಎರಡು ಲೆನ್ಸ್ ಇವೆ, ಒಂದು ಕಾಲರ್ ಮೈಕ್ ಇದೆ. ಮದುವೆಗಳೇ ಇಲ್ಲ. ಅಪ್ಪನ ಮೇಲೆ ಸಿನಿಮಾ ಮಾಡೋಣ ಅಂತ ಅವತ್ತು ಅನ್ನಿಸಿತು.

ಅಪ್ಪನಿಗೆ ಹೇಳಿದೆ. ಅವನ ಉತ್ತರ ನನ್ನ ಮೊದಲ ರೆಕಾರ್ಡಿಂಗಿನಲ್ಲೇ ಇದೆ: ‘ನನ್ನಾಗ ಏನ್ ಐತಿ ತಗ್ಯಾಕ? ದರ್ಗಾ ತಗಿ, ಉರುಸ್ ತಗಿ. ಮಂದಿ ನೋಡ್ತಾರ.’

ಈ ಜಾತಿಯ ಸಿನಿಮಾ ಮಾಡಿದ ಎಷ್ಟೋ ಜನರಿಗೆ ಮನೆಯಿಂದ ಸಿಕ್ಕ ಮೊದಲ ಉತ್ತರ ಹೆಚ್ಚೂಕಡಿಮೆ ಇಂಥದ್ದೇ. ಅಮೆರಿಕದ ಅಲನ್ ಬರ್ಲಿನರ್ 1996ರಲ್ಲಿ ತಮ್ಮ ಅಪ್ಪ ಆಸ್ಕರ್ ಬಗ್ಗೆ ‘ನೋಬಡೀಸ್ ಬಿಸಿನೆಸ್’ ಅಂತ ಮಾಡಿದರು. ಸಿನಿಮಾ ತುಂಬ ಅಪ್ಪ-ಮಗನ ಜಗಳ. ನನ್ನ ಬದುಕಲ್ಲಿ ವಿಶೇಷ ಏನೂ ಇಲ್ಲ, ಅದು ಯಾರಿಗೂ ಬೇಕಾಗಿಲ್ಲ ಅಂತ ಅಪ್ಪ. ಇದೆ ಅಂತ ಮಗ. ಅಮೆರಿಕದ ಮುದುಕ, ಹುಲಗೂರಿನ ಮುದುಕ, ಇಬ್ಬರದೂ ಒಂದೇ ವಾದ. ಅದನ್ನು ನೋಡಿ ನನಗೆ ಧೈರ್ಯ ಬಂತು. ಜಗಳಾಡಿದರೂ ನಡೆಯುತ್ತೆ, ತೆಗೀತಾ ಹೋಗು ಅಂತ. ಆದರೆ ನನ್ನ ಸಿನಿಮಾದ ವ್ಯಕ್ತಿ ಅಪ್ಪ ಅಲ್ಲ ಅಂತ ಆಗ ಗೊತ್ತಿರಲಿಲ್ಲ.

ಆ ವರ್ಷ ಜುಲೈನಲ್ಲಿ ನಾಗರ ಪಂಚಮಿ ಬಂತು. ನಮ್ಮ ಕಡೆ ಪಂಚಮಿ ಅಂದರೆ ಹೆಣ್ಣುಮಕ್ಕಳು ತವರಿಗೆ ಬರೋ ಹಬ್ಬ. ಅಕ್ಕ ಬಂದಳು. ಅವಳು ನನಗಿಂತ ಮೂರು ವರ್ಷ ದೊಡ್ಡವಳು. ಹಿತ್ತಲಲ್ಲಿ ಅವ್ವನ ಜೊತೆ ಶೇಂಗಾ ಹುರಿತಾ ಕೂತಿದ್ದಳು. ನಾನು ಕ್ಯಾಮೆರಾ ಹಿಡಕೊಂಡು, ಅಪ್ಪನ ಹೊಲದ ಬಗ್ಗೆ ಏನಾದರೂ ಹೇಳು ಅಂದೆ. ಅವಳು ಎದ್ದು ಹೋಗಿ ಬೇಲಿ ಹತ್ತಿರ ಇದ್ದ ಬೆಂಡಿಗಿಡದಿಂದ ಒಂದು ಮೊಗ್ಗು, ಒಂದು ಅರಳಿದ ಹೂ ಕಿತ್ತು ತಂದಳು. ‘ಹತ್ತಿ ಹೂ ಇದ್ದಂಗ ಇರ್ತೈತಿ ಇದು, ನೋಡು’ ಅಂತ ಹೇಳಿ, ಉಗುರಿಂದ ಮೊಗ್ಗಿನ ಎಸಳು ಸುಲಿದಳು. ಎಷ್ಟು ಬೇಗ ಅಂದರೆ ನನ್ನ ಫೋಕಸ್ ತಪ್ಪಿತು.

ಇದು ಏನು ಅಂತ ಕೇಳುಗರಿಗೆ ಹೇಳಬೇಕು. ನಮ್ಮ ಜಿಲ್ಲೆಯಲ್ಲಿ ಹತ್ತಿ ಬೀಜ ತಯಾರು ಮಾಡೋ ಕೆಲಸ ಬಹಳ ವರ್ಷ ಜೋರಾಗಿ ನಡೀತು. 1972ರಲ್ಲಿ ಧಾರವಾಡದಿಂದ ವರಲಕ್ಷ್ಮಿ ಅನ್ನೋ ಹೈಬ್ರಿಡ್ ಹತ್ತಿ ಬಂತು, ಆಮೇಲೆ ಜಯಲಕ್ಷ್ಮಿ, ಅಂದರೆ ಡಿಸಿಎಚ್-32. ಹತ್ತಿ ಹೂವಿನಲ್ಲಿ ಗಂಡು, ಹೆಣ್ಣು ಎರಡೂ ಭಾಗ ಒಟ್ಟಿಗೇ ಇರ್ತವೆ. ಹೈಬ್ರಿಡ್ ಬೀಜ ಬೇಕು ಅಂದರೆ ಒಂದು ತಳಿಯ ಮೊಗ್ಗಿನಿಂದ ಗಂಡು ಭಾಗ ಕೈಯಿಂದಲೇ ತೆಗೀಬೇಕು. ನಾಳೆ ಬೆಳಿಗ್ಗೆ ಅರಳೋ ಮೊಗ್ಗನ್ನ ಇವತ್ತು ಸಂಜೆಯೇ ಗುರುತಿಸಬೇಕು, ಸುಲಿಬೇಕು, ಗುರುತಿಗೆ ಬಣ್ಣದ ಕಾಗದ ಸಿಗಿಸಬೇಕು. ಮರುದಿನ ಬೆಳಿಗ್ಗೆ ಇನ್ನೊಂದು ತಳಿಯ ಗಂಡು ಹೂ ತಂದು ಸವರಬೇಕು. ಒಂದು ಗಂಡು ಹೂವಲ್ಲಿ ನಾಲ್ಕೈದು ಆಗ್ತಿತ್ತು ಅಂತಾಳೆ ಅಕ್ಕ. ನಮ್ಮ ಮನೆಯಲ್ಲಿ ಇದಕ್ಕೆ ‘ಕ್ರಾಸಿಂಗ್’ ಅಂತಿದ್ದರು. ಬೆಳಿಗ್ಗೆ, ಸಂಜೆ ಎರಡೂ ಹೊತ್ತು, ಎರಡು ತಿಂಗಳಿಗೂ ಮೇಲೆ, ಒಂದು ದಿನ ಬಿಡದಂಗೆ. ಶಾಲೆ ಶುರುವಾಗಿ ಎರಡು ಮೂರು ತಿಂಗಳಿಗೇ ಈ ಕೆಲಸ ಬರೋದು. ಸಣ್ಣ ಬೆರಳು ಬೇಕು, ಬಗ್ಗದೇ ಗಿಡಕ್ಕೆ ನಿಲುಕೋ ಎತ್ತರ ಬೇಕು, ಕೂಲಿ ಕಡಿಮೆ ಇರಬೇಕು. ಮೂರಕ್ಕೂ ಹೊಂದೋರು ಹನ್ನೆರಡು ಹದಿಮೂರು ವರ್ಷದ ಹೆಣ್ಣುಮಕ್ಕಳು.

ಅಕ್ಕ ಏಳನೇ ತರಗತಿ ಪಾಸಾಗಿ ಶಾಲೆ ಬಿಟ್ಟಳು. ನಾನು ಓದಿದೆ. ಧಾರವಾಡದ ಹಾಸ್ಟೆಲಿನಲ್ಲಿದ್ದು ಡಿಗ್ರಿ ಮಾಡಿದೆ. ಇದು ನಮ್ಮ ಮನೆಯಲ್ಲಿ ಗುಟ್ಟಿನ ಸಂಗತಿ ಆಗಿರಲಿಲ್ಲ. ಬರೀ, ಯಾರೂ ಮಾತಾಡ್ತಿರಲಿಲ್ಲ. ಅವತ್ತು ಹಿತ್ತಲಲ್ಲಿ ಬೆಂಡಿ ಹೂ ಕೈಯಲ್ಲಿ ಹಿಡಕೊಂಡು ಅಕ್ಕ ಹೇಳಿದ್ದು: ‘ನಾ ಏನ್ ದಡ್ಡಿ ಇದ್ದಿದ್ದಿಲ್ಲ. ಇವಗಿಂತ ಛಲೋ ಓದ್ತಿದ್ದೆ.’

ಅದಾದ ಮೇಲೆ ಏಳೆಂಟು ನಿಮಿಷ ಮಾತಾಡಿದಳು. ಅಪ್ಪನ ಬಗ್ಗೆ, ತನ್ನ ಮದುವೆ ಬಗ್ಗೆ, ಗಂಡನ ಮನೆ ಬಗ್ಗೆ. ಆ ಮಾತು ಏನು ಅಂತ ಇಲ್ಲಿ ಹೇಳೋದಿಲ್ಲ. ನಾನು ಅಲ್ಲಾಡಲಿಲ್ಲ, ಉಸಿರು ಬಿಗಿಹಿಡಿದು ಶೂಟ್ ಮಾಡಿದೆ. ಅಳು ಬರ್ತಿತ್ತು. ಅದರ ಜೊತೆಗೇ ತಲೆಯೊಳಗೆ ಇನ್ನೊಬ್ಬ, ‘ಸಿಕ್ಕಿತು, ಇದೇ ಸಿನಿಮಾ’ ಅಂತಿದ್ದ. ಆ ಇನ್ನೊಬ್ಬನ ವಿಷಯ ಮುಚ್ಚಿಟ್ಟು ನಾನು ಈ ಕಥೆ ಹೇಳೋಕಾಗಲ್ಲ.

ಬೆಂಗಳೂರಿಗೆ ವಾಪಸ್ ಬಂದು ಎಡಿಟ್‌ಗೆ ಕೂತೆ. ಮದುವೆ ಕೆಲಸದ ನಡುವೆ ರಾತ್ರಿ ಹೊತ್ತು. ಒಟ್ಟು 41 ಗಂಟೆ ಫೂಟೇಜ್. ಅದರಲ್ಲಿ ಎದೆಗೆ ನಾಟೋದು ಆ ಏಳೆಂಟು ನಿಮಿಷ. ಮೊದಲ ಕಟ್ ತಯಾರಾಯ್ತು. ಗೆಳೆಯರಿಗೆ ತೋರಿಸಿದೆ. ‘ಇದು ಫೆಸ್ಟಿವಲ್‌ಗೆ ಹೋಗುತ್ತೆ ಮಾರಾಯಾ’ ಅಂದರು. ಅವರೆಲ್ಲ ನೋಡಿಯಾದ ಮೇಲೆ ಅಕ್ಕನಿಗೆ ತೋರಿಸಿದೆ. ನಾನು ಮಾಡಿದ ಮೊದಲ ತಪ್ಪು ಅದು. ಹಿಂದು ಮುಂದಾಗಬೇಕಿತ್ತು.

2021ರ ಪಂಚಮಿ. ಪೆನ್ ಡ್ರೈವ್ ಟಿವಿಗೆ ಹಾಕಿ ತೋರಿಸಿದೆ. ಅಕ್ಕ ಪೂರ್ತಿ ನೋಡಿದಳು. ಮುಗಿದ ಮೇಲೆ ಟಿವಿ ಆರಿಸಿ ಹೇಳಿದಳು: ‘ತಮ್ಮಾ, ಇದು ನಾ ನಿನಗ ಹೇಳಿದ್ದು. ಮಂದಿಗೆ ಹೇಳಿದ್ದಲ್ಲ.’

ನಾನು ವಾದ ಮಾಡಿದೆ. ಓದಿದೋನಲ್ವಾ, ವಾದಕ್ಕೇನು ಕಡಿಮೆ? ನಿನ್ನಂಥ ಸಾವಿರಾರು ಹೆಣ್ಣುಮಕ್ಕಳ ಕಥೆ ಇದು, ಜನಕ್ಕೆ ಗೊತ್ತಾಗಬೇಕು, ಅಂತೆಲ್ಲ. ಅವಳು ಕೇಳಿದಳು: ‘ಸಾವಿರಾರು ಮಂದೀದು ಆದ್ರ ನನ್ನ ಮಾರಿ ಯಾಕ ಬೇಕು? ನಾಳೆ ನಮ್ಮತ್ತಿ ನೋಡಿದ್ರ ಮನಿಯಾಗ ಇರಾಕಿ ನಾನು. ನೀ ಬೆಂಗಳೂರಾಗ ಇರ್ತಿ.’

ಇದಕ್ಕೆ ನನ್ನಲ್ಲಿ ಉತ್ತರ ಇರಲಿಲ್ಲ.

ನೋಡ್ರಿ, ಕನ್ನಡಕ್ಕೆ ಆತ್ಮಕಥೆ ಹೊಸದಲ್ಲ. ಕಾರಂತರ ‘ಹುಚ್ಚು ಮನಸ್ಸಿನ ಹತ್ತು ಮುಖಗಳು’ ಇದೆ, ಕುವೆಂಪು ಅವರ ‘ನೆನಪಿನ ದೋಣಿಯಲ್ಲಿ’ ಇದೆ, ಸಿದ್ಧಲಿಂಗಯ್ಯನವರ ‘ಊರುಕೇರಿ’, ಅರವಿಂದ ಮಾಲಗತ್ತಿಯವರ ‘ಗೌರ್ಮೆಂಟ್ ಬ್ರಾಹ್ಮಣ’ ಇವೆ. ಅವನ್ನೆಲ್ಲ ಓದಿಯೇ ನಮ್ಮ ಬದುಕನ್ನೂ ಹೇಳಬಹುದು ಅನ್ನೋ ನಂಬಿಕೆ ನನಗೆ ಬಂದದ್ದು. ಆದರೆ ಬರೆಯೋನಿಗೆ ಒಂದು ಅನುಕೂಲ ಇದೆ. ಅವನು ಹೆಸರು ಬಿಡಬಹುದು, ಊರು ಬದಲಿಸಬಹುದು, ಅಕ್ಕನ ಮಾತನ್ನ ‘ಮನೆಯ ಹೆಣ್ಣುಮಗಳೊಬ್ಬಳು’ ಅಂತ ಬರೆದು ಮುಂದೆ ಹೋಗಬಹುದು. ಕ್ಯಾಮೆರಾಗೆ ಅದು ಆಗಲ್ಲ. ಮುಖ, ದನಿ, ಕೈ, ಹಿತ್ತಲ ಗೋಡೆ, ಎಲ್ಲಾ ಒಟ್ಟಿಗೇ ಬರುತ್ತೆ. ನನ್ನ ಆತ್ಮಕಥೆ ಅಂತ ನಾನು ಕರೀತಿದ್ದೆ, ಆದರೆ ಪರದೆ ಮೇಲೆ ಇದ್ದದ್ದು ಅಕ್ಕ. ನಾನು ಎಲ್ಲೂ ಇರಲಿಲ್ಲ. ನನ್ನ ದನಿ ಕೂಡ ಕತ್ತರಿಸಿ ತೆಗೆದಿದ್ದೆ.

ಬೇರೆಯವರು ಏನು ಮಾಡಿದ್ದಾರೆ ಅಂತ ಆಮೇಲೆ ಹುಡುಕಿ ಹುಡುಕಿ ನೋಡೋಕೆ ಶುರು ಮಾಡಿದೆ. ಜಪಾನಿನ ನವೋಮಿ ಕವಾಸೆ 1992ರಲ್ಲಿ, ಚಿಕ್ಕಂದಿನಲ್ಲೇ ದೂರವಾದ ಅಪ್ಪನನ್ನ ಹುಡುಕಿಕೊಂಡು ಹೋಗೋ ‘ಎಂಬ್ರೇಸಿಂಗ್’ ಮಾಡಿದರು. 1994ರಲ್ಲಿ ತಮ್ಮನ್ನು ಸಾಕಿದ ಅಜ್ಜಿಯ ಬಗ್ಗೆ ‘ಕತತ್ಸುಮೊರಿ’. ಅದರಲ್ಲಿ ಅಜ್ಜಿ ಹೊರಗೆ ತೋಟದಲ್ಲಿದ್ದಾಳೆ, ಮೊಮ್ಮಗಳು ಒಳಗೆ. ಕ್ಯಾಮೆರಾ ಹಿಡಿದವಳ ಕೈ ಮುಂದೆ ಬಂದು ಕಿಟಕಿ ಗಾಜಿನ ಮೇಲೆ ಅಜ್ಜಿಯ ಮುಖ ಸವರುತ್ತೆ. ತೆಗೆಯೋಳ ಕೈಯೂ ಚಿತ್ರದಲ್ಲಿದೆ. ನನ್ನ ಕೈ ಎಲ್ಲಿತ್ತು ಅಂತ ಕೇಳಿಕೊಂಡೆ.

ನಮ್ಮ ದೇಶದ ನಿಶಿತ್ ಸರನ್ 1999ರಲ್ಲಿ ‘ಸಮ್ಮರ್ ಇನ್ ಮೈ ವೇನ್ಸ್’ ಮಾಡಿದರು. ತಾನು ಸಲಿಂಗಿ ಅನ್ನೋದನ್ನ ಅಮ್ಮನಿಗೆ ಕ್ಯಾಮೆರಾ ಓಡ್ತಿರುವಾಗಲೇ ಹೇಳ್ತಾರೆ. ಅಂಥ ಧೈರ್ಯ ನನಗೆ ಈ ಜನ್ಮದಲ್ಲಿ ಬರೋದಿಲ್ಲ. ಆದರೂ ನೋಡುವಾಗ, ಆ ಕ್ಷಣ ಆ ತಾಯಿಗೆ ಕ್ಯಾಮೆರಾ ಬೇಕಿತ್ತಾ ಅನ್ನೋ ಪ್ರಶ್ನೆ ನನ್ನ ಬಿಡಲಿಲ್ಲ.

ಕೆನಡಾದ ಸಾರಾ ಪಾಲಿ 2012ರಲ್ಲಿ ‘ಸ್ಟೋರೀಸ್ ವಿ ಟೆಲ್’ ಮಾಡಿದರು. ತನ್ನ ಹೆತ್ತ ತಂದೆ ಬೇರೆ ಅಂತ ಗೊತ್ತಾದ ಕಥೆ ಅದು. ಆ ಹೆತ್ತ ತಂದೆ, ಈ ಕಥೆ ಹೇಳೋ ಹಕ್ಕು ಎಲ್ಲರಿಗೂ ಇಲ್ಲ, ಅದನ್ನು ಬದುಕಿದವರಿಗಷ್ಟೇ ಅನ್ನೋ ಅರ್ಥದಲ್ಲಿ ವಾದ ಮಾಡ್ತಾರೆ. ಪಾಲಿ ಆ ವಾದವನ್ನೂ ಸಿನಿಮಾದ ಒಳಗೇ ಇಡ್ತಾರೆ. ಸಾಕಿದ ತಂದೆಯ ಕೈಯಲ್ಲೇ ನಿರೂಪಣೆ ಓದಿಸ್ತಾರೆ. ಆನಂದ್ ಪಟವರ್ಧನ್ ಎಷ್ಟೋ ವರ್ಷ ದೇಶದ ರಾಜಕೀಯ ತೆಗೆದವರು, ‘ರಾಮ್ ಕೆ ನಾಮ್’, ‘ಜೈ ಭೀಮ್ ಕಾಮ್ರೇಡ್’ ಮಾಡಿದವರು. ಮನೆಯಲ್ಲಿ ಅಪ್ಪ-ಅಮ್ಮನನ್ನ ತೆಗೆದಿಟ್ಟಿದ್ದ ಚಿತ್ರಿಕೆ ಅವರು ತೀರಿಕೊಂಡು ವರ್ಷಗಳಾದ ಮೇಲೆ, 2023ರಲ್ಲಿ ‘ದ ವರ್ಲ್ಡ್ ಈಸ್ ಫ್ಯಾಮಿಲಿ’ ಆಗಿ ಹೊರಗೆ ಬಂತು. ಅಷ್ಟು ಕಾಯಬಹುದು ಅನ್ನೋದೂ ನನಗೆ ಪಾಠ. ನಮ್ಮ ಉತ್ತರ ಕನ್ನಡದ ನಟೇಶ್ ಹೆಗಡೆ ಬೇರೆ ದಾರಿ ಹಿಡಿದರು. 2021ರ ‘ಪೆಡ್ರೋ’ದಲ್ಲಿ ಮುಖ್ಯ ಪಾತ್ರ ಅವರ ಅಪ್ಪ ಗೋಪಾಲ್ ಹೆಗಡೆಯವರದು. ಅಪ್ಪ ಪಾತ್ರವಾಗಿ ನಟಿಸಿದಾಗ ಕಥೆಯ ಒಂದು ಮರೆ ಇರುತ್ತೆ. ಸಾಕ್ಷ್ಯಚಿತ್ರದಲ್ಲಿ ಆ ಮರೆಯನ್ನ ನಾವೇ ಕಟ್ಟಬೇಕು.

ಈಗ ನನ್ನ ಎರಡನೇ ತಪ್ಪಿಗೆ ಬರ್ತೀನಿ. ಅಕ್ಕ ಬೇಡ ಅಂದ ಮೇಲೆ ಆ ಭಾಗ ಸಿನಿಮಾದಿಂದ ತೆಗೆದೆ. ಒಂದು ದಿನ ಫೋನಿನಲ್ಲಿ ಕೇಳಿದಳು, ‘ಡಿಲೀಟ್ ಮಾಡಿದಿ ಹೌದಿಲ್ಲೊ?’ ಹೂಂ ಅಂದೆ. ಮಾಡಿರಲಿಲ್ಲ. ಎರಡು ಹಾರ್ಡ್ ಡಿಸ್ಕಿನಲ್ಲಿ ಹಾಗೇ ಇತ್ತು. ಮುಂದೆಂದಾದರೂ ಮನಸ್ಸು ಬದಲಾದೀತು ಅಂತ ನನಗೆ ನಾನೇ ಹೇಳಿಕೊಂಡೆ. ಒಂದು ವರ್ಷ ಆ ಸುಳ್ಳು ಇಟ್ಟುಕೊಂಡೇ ಇದ್ದೆ. 2022ರ ಪಂಚಮಿಗೆ ಎರಡೂ ಹಾರ್ಡ್ ಡಿಸ್ಕ್ ಊರಿಗೆ ಒಯ್ದು, ಅವಳಿಗೆ ನಿಜ ಹೇಳಿ, ಅವಳ ಮುಂದೆಯೇ ಡಿಲೀಟ್ ಮಾಡಿದೆ. ಬೈತಾಳೆ ಅಂದುಕೊಂಡಿದ್ದೆ. ಬೈಲಿಲ್ಲ. ‘ನೀನೂ ಅಪ್ಪನಂಗ ಮಾಡಿದಿ’ ಅಂದಳು. ಅಷ್ಟೇ.

ಆ ಫೂಟೇಜ್ ಈಗ ಎಲ್ಲೂ ಇಲ್ಲ. ನಾನು ತೆಗೆದಿದ್ದರಲ್ಲಿ ಅದೇ ಅತ್ಯುತ್ತಮ. ಇವತ್ತಿಗೂ ಹೊಟ್ಟೆ ಉರಿಯುತ್ತೆ, ಇಲ್ಲ ಅನ್ನಲ್ಲ.

ಸಂಜೆ ಅವಳೇ ಬಂದಳು. ‘ಕ್ಯಾಮೆರಾ ಹೆಂಗ ಹಚ್ಚತಾರ, ತೋರಸು’ ಅಂದಳು. ಸ್ಟ್ಯಾಂಡ್ ಮೇಲೆ ಇಟ್ಟುಕೊಟ್ಟೆ. ‘ಈಗ ನೀ ಈ ಕಡೆ ಬಾ. ಕೂಡು.’ ಹಿತ್ತಲಲ್ಲಿ ಅದೇ ಕಟ್ಟೆ ಮೇಲೆ ಕೂತೆ. ಕ್ಯಾಮೆರಾ ಹಿಂದೆ ನಿಂತು ಅಕ್ಕ ಕೇಳೋಕೆ ಶುರು ಮಾಡಿದಳು.

‘ನಾ ಸಾಲಿ ಬಿಟ್ಟ ದಿನ ನಿನಗ ನೆನಪೈತೇನು?’

‘ಇಲ್ಲ.’

‘ಏನೂ ನೆನಪಿಲ್ಲ?’

ನೆನಪಿದ್ದದ್ದು ಒಂದೇ. ಅವಳ ಕಂಪಾಸ್ ಪೆಟ್ಟಿಗೆ ನನಗೆ ಬಂತು. ಹಳದಿ ಬಣ್ಣದ್ದು, ಒಳಗೆ ಕೈವಾರ, ಕೋನಮಾಪಕ ಎಲ್ಲಾ ಇತ್ತು. ನಾನಿನ್ನೂ ನಾಲ್ಕನೇ ತರಗತಿ, ನನಗೆ ಅದರ ಉಪಯೋಗವೇ ಇರಲಿಲ್ಲ. ಅದನ್ನ ಹೇಳಿದೆ.

‘ಖುಷಿ ಆಗಿತ್ತೇನು?’

‘ಆಗಿತ್ತು.’

ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, ‘ಇದನ್ನ ಹಾಕು’ ಅಂದಳು.

ಈಗಿರೋ ಸಿನಿಮಾದ ನಡುಭಾಗ ಅದೇ, ಅಕ್ಕ ತೆಗೆದದ್ದು. ಫ್ರೇಮ್ ಸ್ವಲ್ಪ ವಾರೆ ಇದೆ, ನನ್ನ ತಲೆ ಮೇಲೆ ಕತ್ತರಿಸಿದೆ. ನೋಡಿದವರು ಅದನ್ನೇ ಹೆಚ್ಚು ನೆನಪಿಟ್ಟಿದ್ದಾರೆ. ಅಕ್ಕ ಸಿನಿಮಾದಲ್ಲಿ ಇದ್ದಾಳೆ: ಅವಳ ದನಿ ಇದೆ, ಬೆಂಡಿಮೊಗ್ಗು ಸುಲಿಯೋ ಕೈಗಳಿವೆ, ಮುಖ ಇಲ್ಲ. ಅಪ್ಪನೂ ಇದ್ದಾನೆ. ಎರಡೆಕರೆ ಹೊಲ, ಮೈತುಂಬ ಸಾಲ, ಬೀಜದ ಕಂಪನಿ ಕೊಡೋ ದುಡ್ಡು ಬರೋದರೊಳಗೆ ಕೂಲಿ ಕೊಡಬೇಕಾದ ಲೆಕ್ಕ, ಎಲ್ಲಾ ಅವನೇ ಹೇಳ್ತಾನೆ. ಅವನನ್ನ ಕಟಕಟೆಯಲ್ಲಿ ನಿಲ್ಲಿಸೋದು ನನಗೆ ಸುಲಭ ಇತ್ತು. ಅಕ್ಕನ ಪ್ರಶ್ನೆ ಆದ ಮೇಲೆ ಆ ಸುಲಭ ಹೋಯ್ತು, ಯಾಕಂದರೆ ಲಾಭ ಆದದ್ದು ನನಗೆ.

ನಮ್ಮ ಕರಾರು ಹೀಗಿದೆ. ಕೋಣೆಯಲ್ಲಿ, ಜನರ ಮುಂದೆ, ನಾನು ಎದುರಿಗೆ ಇದ್ದು ತೋರಿಸಬಹುದು. ಆನ್‌ಲೈನ್ ಬೇಡ. ಊರಿನ ಹೆಸರು ಹೇಳಬಹುದು, ಮನೆತನದ ಹೆಸರು ಬೇಡ. ಪ್ರತಿ ಪಂಚಮಿಗೆ ಮತ್ತೆ ಕೇಳಬೇಕು. ಅವಳಿಗೆ ‘ಸಾಕು’ ಅನ್ನಿಸಿದ ದಿನ ತೋರಿಸೋದು ನಿಲ್ಲಿಸಬೇಕು. ಇವತ್ತಿನ ಈ ಮಾತನ್ನೂ ನಿನ್ನೆ ರಾತ್ರಿ ಫೋನಿನಲ್ಲಿ ಅವಳಿಗೆ ಓದಿ ಹೇಳಿದೀನಿ. ಎರಡು ಕಡೆ ಬಿಡು ಅಂದಳು, ಬಿಟ್ಟಿದೀನಿ.

ಇದರಿಂದ ನಷ್ಟ ಏನು ಅಂತ ಕೇಳ್ತಾರೆ. ದುಡ್ಡಿನ ಲೆಕ್ಕ ಹೇಳ್ತೀನಿ. ಹಾರ್ಡ್ ಡಿಸ್ಕ್, ಸೌಂಡ್, ಕಲರ್, ಓಡಾಟ ಸೇರಿ ನನ್ನ ಕೈಯಿಂದ 1,86,000 ರೂಪಾಯಿ ಹೋಗಿದೆ, ಬಿಟ್ಟ ಮದುವೆಗಳ ಲೆಕ್ಕ ಬೇರೆ. ವಾಪಸ್ ಬರೋ ದಾರಿ ಇಲ್ಲ. ಜೊನಾಥನ್ ಕೊಯೆಟ್ ಅನ್ನೋರು ತಮ್ಮ ಮತ್ತು ತಮ್ಮ ತಾಯಿಯ ಕಥೆ ‘ಟಾರ್ನೇಶನ್’ ಅನ್ನ 2003ರಲ್ಲಿ ಬರೀ 218 ಡಾಲರಿನಲ್ಲಿ ಮಾಡಿದರು ಅಂತ ನಾವೆಲ್ಲ ಕಣ್ಣರಳಿಸಿ ಹೇಳ್ತೀವಿ. ಆದರೆ ಥಿಯೇಟರಿಗೆ ಬರೋ ಹೊತ್ತಿಗೆ ಹಾಡಿನ ಹಕ್ಕು ಅದು ಇದು ಅಂತ ಅದರ ಎಷ್ಟೋ ಪಟ್ಟು ಖರ್ಚಾಯ್ತು. ಸ್ವತಂತ್ರ ಸಿನಿಮಾ ಅಗ್ಗ ಅನ್ನೋದು ಅರ್ಧ ಸತ್ಯ. ಮನೆಯವರ ಬದುಕನ್ನ ಪುಕ್ಕಟೆ ಸಾಮಗ್ರಿ ಅಂತ ಲೆಕ್ಕ ಹಾಕಿದರೆ ಮಾತ್ರ ಅಗ್ಗ. ನಮ್ಮಲ್ಲಿ ಸಾರ್ವಜನಿಕ ಪ್ರದರ್ಶನಕ್ಕೆ ಸೆನ್ಸಾರ್ ಮಂಡಳಿ ಪ್ರಮಾಣಪತ್ರ ಕೇಳ್ತಾರೆ. ಮನೆಯವರು ಒಪ್ಪಿದ್ದಾರಾ ಅಂತ ಯಾರೂ ಕೇಳೋದಿಲ್ಲ. ಅದನ್ನ ನಾವೇ ಕೇಳಿಕೊಳ್ಳಬೇಕು.

ಈ ಕೆಲಸಕ್ಕೆ ಇಳೀತಿರೋ ಹುಡುಗ-ಹುಡುಗಿಯರು ನನಗೆ ಮೆಸೇಜ್ ಮಾಡ್ತಾರೆ. ಮನೆಯಲ್ಲಿ ಅಜ್ಜಿ ಇದ್ದಾಳೆ, ಮೊಬೈಲ್ ಇದೆ, ಶುರು ಮಾಡ್ಲಾ ಅಂತ. ಮಾಡ್ರಿ. ಆದರೆ ಒಪ್ಪಿಗೆ ಅನ್ನೋದು ಒಂದೇ ಸಲ ಸಿಗೋ ವಸ್ತು ಅಂತ ತಿಳೀಬ್ಯಾಡ್ರಿ. ತೆಗೆಯೋ ಮೊದಲು ಕೇಳ್ರಿ, ಕಟ್ ಆದ ಮೇಲೆ ಕೇಳ್ರಿ, ತೋರಿಸೋ ಮೊದಲು ಮತ್ತೆ ಕೇಳ್ರಿ. ಗೆಳೆಯರಿಗಿಂತ ಮೊದಲು ಮನೆಯವರಿಗೆ ತೋರಿಸ್ರಿ. ‘ಮಗ ಕೇಳ್ತಾನ, ತಮ್ಮ ಕೇಳ್ತಾನ’ ಅಂತ ನಮ್ಮ ಮಂದಿ ಇಲ್ಲ ಅನ್ನೋದಿಲ್ಲ. ಅವರು ಸುಮ್ಮನಿದ್ದರೆ ಅದನ್ನ ಹೂಂ ಅಂತ ಬರಕೋಬ್ಯಾಡ್ರಿ. ಮತ್ತೆ ಒಂದು ದಿನ ಕ್ಯಾಮೆರಾ ಅವರ ಕೈಗೆ ಕೊಟ್ಟು ಎದುರಿಗೆ ಕೂತು ನೋಡ್ರಿ.

ನಮ್ಮ ಸೀಮೆಯ ಶರೀಫರ ಮಾತು ಹೇಳಿ ಮುಗಿಸ್ತೀನಿ. ಸೋರೋ ಮಾಳಿಗೆ, ಕೋಳಿ, ಮಗ್ಗ, ಕಣ್ಣಿಗೆ ಬಿದ್ದ ಮನೆ-ಸಂಸಾರದ ಎಲ್ಲವನ್ನೂ ಅವರು ಹಾಡು ಮಾಡಿದರು. ಆದರೆ ಹಾಡಿನ ಕೊನೆಗೆ ಅಂಕಿತ ಹಾಕುವಾಗ ತಮ್ಮ ಹೆಸರು ಹಾಕಿಕೊಳ್ಳಲಿಲ್ಲ. ಶಿಶುನಾಳಧೀಶ ಅಂತ ಊರಿನ ದೇವರ ಹೆಸರು ಇಟ್ಟರು. ನಾಗಾಭರಣ ಅವರ 1990ರ ಸಿನಿಮಾ ಚಿಕ್ಕಂದಿನಲ್ಲಿ ಟಿವಿಯಲ್ಲಿ ನೋಡುವಾಗ ಇದೆಲ್ಲ ತಲೆಗೆ ಹೋಗಿರಲಿಲ್ಲ. ನನ್ನ ಸಿನಿಮಾದ ಕೊನೆಗೆ ‘ನಿರ್ದೇಶನ’ ಅಂತ ನನ್ನ ಹೆಸರು ಹಾಕುವಾಗ ಅದು ನೆನಪಾಯ್ತು. ಅಕ್ಕನ ಹೆಸರನ್ನೂ ಹಾಕ್ತೀನಿ ಅಂದೆ. ಬೇಡ ಅಂದಳು. ‘ಹುಲಗೂರು ಅಂತ ಹಾಕು, ಸಾಕು.’ ಹಾಗೇ ಹಾಕಿದೀನಿ: ಕ್ಯಾಮೆರಾ, ನಾನು ಮತ್ತು ಹುಲಗೂರು.

ಮುಂದಿನ ಪಂಚಮಿಗೆ ಊರಿಗೆ ಹೋಗ್ತೀನಿ. ಆನ್‌ಲೈನ್ ಹಾಕಲಾ ಅಂತ ಮತ್ತೊಮ್ಮೆ ಕೇಳ್ತೀನಿ. ಹೂಂ ಅಂದರೆ ಎಲ್ಲರಿಗೂ ಲಿಂಕ್ ಕಳಿಸ್ತೀನಿ. ಬ್ಯಾಡ ಅಂದರೆ, ನಿಮ್ಮೂರಿನಲ್ಲಿ ಒಂದು ಕೋಣೆ, ಒಂದು ಬಿಳಿ ಗೋಡೆ, ಇಪ್ಪತ್ತು ಜನ ಇದ್ದರೆ ಹೇಳ್ರಿ. ಪ್ರೊಜೆಕ್ಟರ್ ನಾನೇ ತರ್ತೀನಿ.